ಸಭೆಯ ಐಕ್ಯವೂ ಸುವಾರ್ತಾಸೇವೆಯೂ

ನಮ್ಮ ಕರ್ತನು ಹಿಡಿದುಕೊಡಲ್ಪಟ್ಟ ರಾತ್ರಿಯಲ್ಲಿ ತನ್ನವರಿಗೋಸ್ಕರ ಮಾಡಿದ ಪ್ರಾರ್ಥನೆಯು ಯೋಹಾನನ ಸುವಾರ್ತೆಯ 17ನೆಯ ಅಧ್ಯಾಯದಲ್ಲಿ ಬರೆಯಲ್ಪಟ್ಟಿದೆ. ಮರಣವು ಬಾಗಿಲಿಗೆ ಬಂದು ನಿಂತಿರುವಾಗ ಯಾವನೂ ಸಣ್ಣ ಸಂಗತಿಗಳನ್ನು ಕೇಳಿಕೊಳ್ಳುವದಿಲ್ಲ. ಆತನು ಶಿಷ್ಯರಿಗೆ ಐಶ್ವರ್ಯವನ್ನಾಗಲಿ ಅಧಿಕಾರವನ್ನಾಗಲಿ ಬೇಡಲಿಲ್ಲ. ಕಷ್ಟವೇ ಬಾರದಿರಲೆಂದೂ ಬೇಡಲಿಲ್ಲ. ಅವರೂ, ಅವರ ಮಾತಿನಿಂದ ಮುಂದೆ ನಂಬುವವರೂ, ಅಂದರೆ ನಾವೂ, ಒಂದಾಗಿರಬೇಕೆಂದು ಬೇಡಿದನು. ಇಷ್ಟನ್ನು ನಮ್ಮ ಸಭೆಗಳಲ್ಲಿ ಎಲ್ಲರೂ ಬಲ್ಲರು. ಆದರೆ ಆ ಬೇಡಿಕೆಯ ಹಿಂದೆಯೇ ಆತನು ಹೇಳಿದ ಕಾರಣವನ್ನು ನಾವು ಅಷ್ಟು ಗಮನಿಸುವದಿಲ್ಲ. ತಂದೆಯು ತನ್ನನ್ನು ಕಳುಹಿಸಿದನೆಂದು ಲೋಕವು ನಂಬಬೇಕು, ಅದಕ್ಕೋಸ್ಕರವೇ ಇವರು ಒಂದಾಗಿರಬೇಕು, ಎಂಬದೇ ಆ ಕಾರಣ. ಈ ಎರಡನೆಯ ಭಾಗವನ್ನು ಬಿಟ್ಟು ಓದಿದರೆ ಐಕ್ಯವು ಮನೆಯೊಳಗಿನ ಅಣ್ಣತಮ್ಮಂದಿರ ಸಮಾಧಾನ ಮಾತ್ರವಾಗುತ್ತದೆ. ಕೂಡಿಸಿ ಓದಿದರೆ ಅದು ಮನೆಯ ಹೊರಗಿರುವವರಿಗೆ ನಾವು ತೀರಿಸಬೇಕಾದ ಸಾಲವಾಗುತ್ತದೆ.

ಐಕ್ಯದ ವಿಷಯದಲ್ಲಿ ಪ್ರಸಂಗ ಮಾಡುವವರು ಸಾಮಾನ್ಯವಾಗಿ ಸೌದೆಕಟ್ಟಿನ ಕಥೆಯನ್ನು ಹೇಳುತ್ತಾರೆ: ಒಂದೊಂದು ಕಡ್ಡಿಯನ್ನು ಮುರಿಯಬಹುದು, ಕಟ್ಟನ್ನು ಮುರಿಯಲಾಗದು. ಒಗ್ಗಟ್ಟಿನಲ್ಲಿ ಬಲವುಂಟೆಂಬ ಗಾದೆಯೂ ನಮಗುಂಟು. ಇದು ಸುಳ್ಳಲ್ಲ, ಆದರೆ ಕರ್ತನು ಹೇಳಿದ ಕಾರಣ ಇದಲ್ಲ. ಕಳ್ಳರ ಗುಂಪಿನಲ್ಲಿಯೂ ಒಗ್ಗಟ್ಟುಂಟು, ಅದರಿಂದ ಅವರಿಗೆ ಬಲವೂ ಉಂಟು. ಬಲಕ್ಕಾಗಿ ಒಂದಾದವರನ್ನು ನೋಡಿ ನೆರೆಯವನು ಹೆದರುವನೇ ಹೊರತು ನಂಬುವದಿಲ್ಲ.

ಮೊದಲು ನಮ್ಮಲ್ಲಿರುವ ವಿಭಾಗಗಳು ಹೇಗೆ ಬಂದವೆಂಬದನ್ನು ನೋಡೋಣ. ಹಳ್ಳಿಯ ವಿಶ್ವಾಸಿಗಳಲ್ಲಿ ಅನೇಕರು ಇವು ಮೊದಲಿನಿಂದಲೂ ಇದ್ದವೆಂದು ತಿಳಿದಿದ್ದಾರೆ. ಲಂಡನ್ ಮಿಶನಿನ ಜಾನ್ ಹ್ಯಾಂಡ್ಸ್ ಎಂಬವರು 1810ರಲ್ಲಿ ಬಳ್ಳಾರಿಗೆ ಬಂದರು. ವೆಸ್ಲಿಯನ್ ಮಿಶನಿನವರು 1821ರಲ್ಲಿ ಬೆಂಗಳೂರಲ್ಲಿ ಕೆಲಸವನ್ನು ಆರಂಭಿಸಿ ಮೈಸೂರು ಸೀಮೆಯೊಳಗೆ ಹರಡಿದರು. ಬಾಸೆಲ್ ಮಿಶನಿನ ಮೂವರು 1834ರಲ್ಲಿ ಮಂಗಳೂರಿಗೆ ಬಂದು ಇಳಿದರು. ಮೂರು ವರ್ಷಗಳ ತರುವಾಯ ಅವರ ಕೆಲಸವು ಧಾರವಾಡಕ್ಕೂ ಮುಟ್ಟಿತು. ಇವರೆಲ್ಲರೂ ಕ್ರಿಸ್ತನನ್ನೇ ಸಾರಿದರು. ಆದರೆ ಒಬ್ಬೊಬ್ಬರೂ ತಮ್ಮ ತಮ್ಮ ದೇಶದಲ್ಲಿ ನಡೆದಿದ್ದ ವ್ಯಾಜ್ಯಗಳ ಗುರುತುಗಳನ್ನೂ ಗಂಟುಮೂಟೆಯೊಂದಿಗೆ ತಂದರು. ಸಭೆಗೆ ಬಿಷಪರು ಬೇಕೋ ಬೇಡವೋ, ಸಭೆಯ ಮೇಲೆ ಅರಸನಿಗೆ ಅಧಿಕಾರವುಂಟೋ ಇಲ್ಲವೋ, ಕರ್ತನ ಭೋಜನದ ರೊಟ್ಟಿಯಲ್ಲಿ ಆತನು ಯಾವ ರೀತಿಯಲ್ಲಿದ್ದಾನೆ ಎಂಬ ಪ್ರಶ್ನೆಗಳ ನಿಮಿತ್ತವಾಗಿ ಯೂರೋಪಿನಲ್ಲಿ ಜನರು ಸೆರೆಮನೆ ಸೇರಿದರು, ಪ್ರಾಣವನ್ನೂ ಕೊಟ್ಟರು. ಲೂಥರನೂ ಸ್ವಿಂಗ್ಲಿಯೂ 1529ರಲ್ಲಿ ಮಾರ್ಬುರ್ಗ್ ಪಟ್ಟಣದಲ್ಲಿ ಕೂಡಿ 15 ಸಂಗತಿಗಳನ್ನು ಚರ್ಚಿಸಿ 14ರಲ್ಲಿ ಒಪ್ಪಿದರು. ಉಳಿದ ಒಂದರಲ್ಲಿ, ಅದೂ ಭೋಜನದ ವಿಷಯದಲ್ಲಿಯೇ, ಒಪ್ಪಲಾರದೆ ಬೇರೆಯಾದರು. ಆ ವ್ಯಾಜ್ಯಗಳನ್ನು ಹಗುರವೆಂದು ನಾನು ಹೇಳುವದಿಲ್ಲ. ಆದರೆ ನಮ್ಮ ಅಜ್ಜಂದಿರು ಅವುಗಳಲ್ಲಿ ಯಾವ ಪಕ್ಷದಲ್ಲಿಯೂ ನಿಂತು ಕಾದಾಡಿದವರಲ್ಲ. ತಮ್ಮ ಊರಿಗೆ ಯಾರು ಬಂದರೋ ಅವರಿಂದ ಕ್ರಿಸ್ತನ ನಾಮವನ್ನು ಕೇಳಿದರು. ಯಾರು ಸ್ನಾನ ಮಾಡಿಸಿದರೋ ಅವರ ಮಿಶನಿಗೆ ಸೇರಿದವರಾದರು.

ಮಿಶನುಗಳು ಒಬ್ಬರ ಸೀಮೆಯಲ್ಲಿ ಮತ್ತೊಬ್ಬರು ಕಾಲಿಡಬಾರದೆಂದು ತಮ್ಮೊಳಗೆ ಒಪ್ಪಂದ ಮಾಡಿಕೊಂಡವು. ಇದರಲ್ಲಿ ಮರ್ಯಾದೆಯಿತ್ತು, ಒಂದೇ ಊರಲ್ಲಿ ಇಬ್ಬರು ಪಾದ್ರಿಗಳು ಪೈಪೋಟಿ ಮಾಡುವ ನಾಚಿಕೆಯು ಬಹಳ ಕಡೆಗಳಲ್ಲಿ ತಪ್ಪಿತು. ಆದರೆ ಇದರ ಫಲವಾಗಿ ಒಬ್ಬನು ಯಾವ ಪಂಗಡದ ಕ್ರೈಸ್ತನಾಗಬೇಕೆಂಬದನ್ನು ಅವನ ಮನಸ್ಸಾಕ್ಷಿಯಲ್ಲ, ಅವನ ಊರಿನ ಗಡಿಕಲ್ಲೇ ತೀರ್ಮಾನಿಸಿತು. ಬೆಳಗಾವಿಯ ಸಂಗತಿಯನ್ನು ನೋಡಿರಿ. ಅಲ್ಲಿ 1820ರಲ್ಲಿ ಲಂಡನ್ ಮಿಶನಿನ ಕೆಲಸವು ಪ್ರಾರಂಭವಾಯಿತು. 1904ರಲ್ಲಿ ಆ ಮಿಶನು ಅಲ್ಲಿನ ಕೆಲಸವನ್ನು ಅಮೆರಿಕದ ಮೆಥಡಿಸ್ಟರ ವಶಕ್ಕೆ ಕೊಟ್ಟಿತು. ರಾತ್ರಿ ಒಂದು ಪಂಗಡದವರಾಗಿ ಮಲಗಿದವರು ಬೆಳಿಗ್ಗೆ ಮತ್ತೊಂದು ಪಂಗಡದವರಾಗಿ ಎದ್ದರೆಂದು ಹೇಳಬಹುದು. ಅವರ ನಂಬಿಕೆ ಬದಲಾಯಿತೇ? ಅವರು ಹಿಂದೆ ನಂಬಿದ್ದನ್ನು ಅಲ್ಲಗಳೆದರೇ? ಇಲ್ಲ. ಅದೇ ಕರ್ತನನ್ನು ಅದೇ ಕನ್ನಡದಲ್ಲಿ ಪ್ರಾರ್ಥಿಸಿದರು. ಹಾಗಾದರೆ ಆ ಭೇದವು ಮೊದಲೂ ಅವರದಾಗಿರಲಿಲ್ಲ, ಆಮೇಲೂ ಅವರದಾಗಲಿಲ್ಲ. ಇಂದು ಆ ಮಿಶನುಗಳ ದೊರೆಗಳು ನಮ್ಮ ಮಧ್ಯದಲ್ಲಿಲ್ಲ. ಸಭೆಗಳ ಆಡಳಿತವು ನಮ್ಮವರ ಕೈಯಲ್ಲಿಯೇ ಇದೆ. ಬೇಲಿಯನ್ನು ನೆಟ್ಟವರು ಊರು ಬಿಟ್ಟು ಎಷ್ಟೋ ಕಾಲವಾಯಿತು, ಅದಕ್ಕೆ ನೀರೆರೆಯುತ್ತಿರುವವರು ನಾವು.

ಆ ಮಿಶನೆರಿಗಳೆಲ್ಲರೂ ಭೇದವನ್ನು ಪ್ರೀತಿಸಿದವರೆಂದು ಹೇಳಿದರೆ ಅನ್ಯಾಯವಾದೀತು. ಬಾಸೆಲ್ ಮಿಶನಿನಲ್ಲಿ ಲೂಥರನ ಕಡೆಯವರೂ ಸ್ವಿಸ್ ದೇಶದ ರಿಫಾರ್ಮ್ಡ್ ಸಭೆಯವರೂ ಒಂದಾಗಿ ದುಡಿದರು. ಹ್ಯಾಂಡ್ಸರೂ ಅವರ ಜೊತೆಯವರೂ ಮಾಡಿದ ಕನ್ನಡ ಸತ್ಯವೇದದ ಭಾಷಾಂತರವನ್ನು ತಿದ್ದುವಾಗ ಬಾಸೆಲ್ ಮಿಶನಿನ ವೈಗ್ಲೆ ಮೊದಲಾದವರು ಕೈಹಾಕಿದರು. ಬೆಂಗಳೂರಿನ ಯುನೈಟೆಡ್ ಥಿಯಲಾಜಿಕಲ್ ಕಾಲೇಜು ಹಲವು ಮಿಶನುಗಳು ಕೂಡಿ 1910ರಲ್ಲಿ ಸ್ಥಾಪಿಸಿದ ಶಾಲೆ. ಕೆಲಸದ ಬಿಸಿಲಿನಲ್ಲಿ ನಿಂತವರಿಗೆ ಭೇದಗಳ ನಿಷ್ಪ್ರಯೋಜಕತೆಯು ಬೇಗ ತಿಳಿಯುತ್ತದೆ. ದೂರದ ಕಛೇರಿಯಲ್ಲಿ ಕುಳಿತವರಿಗೆ ತಡವಾಗಿ ತಿಳಿಯುತ್ತದೆ. ಬಂಗಾಳದಲ್ಲಿ ದುಡಿಯುತ್ತಿದ್ದ ವಿಲಿಯಂ ಕೇರಿಯವರು 1806ರಲ್ಲಿಯೇ, ಎಲ್ಲಾ ಪಂಗಡಗಳ ಮಿಶನೆರಿಗಳು 1810ರಲ್ಲಿ ಆಫ್ರಿಕದ ಗುಡ್ ಹೋಪ್ ಭೂಶಿರದಲ್ಲಿ ಕೂಡಿ ಆಲೋಚಿಸಬೇಕೆಂದು ಇಂಗ್ಲೆಂಡಿಗೆ ಬರೆದರು. ಅಲ್ಲಿದ್ದ ಅವರ ಸ್ನೇಹಿತ ಫುಲ್ಲರರು ಅದನ್ನು ಒಂದು ಒಳ್ಳೆಯ ಕನಸೆಂದು ಬದಿಗಿಟ್ಟರು. ಆ ಕನಸು ನನಸಾಗುವದಕ್ಕೆ ಇನ್ನೂ 100 ವರ್ಷ ಬೇಕಾಯಿತು. 1910ರ ಜೂನ್ ತಿಂಗಳಲ್ಲಿ ಸ್ಕಾಟ್ಲೆಂಡಿನ ಎಡಿನ್‌ಬರೋ ಪಟ್ಟಣದಲ್ಲಿ ಸುಮಾರು 1,200 ಪ್ರತಿನಿಧಿಗಳು ಸೇರಿದರು. ಲೋಕಕ್ಕೆಲ್ಲಾ ಸುವಾರ್ತೆ ಸಾರುವ ವಿಷಯವನ್ನು ಕುರಿತು ಕೂಡಿದ ಆ ಮಹಾಸಭೆಯಲ್ಲಿ ಏಷ್ಯಾಖಂಡದವರು 20 ಮಂದಿ ಕೂಡ ಇರಲಿಲ್ಲ. ಅವರಲ್ಲಿ ಚೆಂಗ್ ಜಿಂಗ್‌ಯಿ ಎಂಬ ಚೀನದೇಶದ ಯೌವನಸ್ಥನೊಬ್ಬನು ಎದ್ದು ನಿಂತು, ಕೇವಲ 7 ನಿಮಿಷ ಮಾತಾಡಿ, ಚೀನದ ಕ್ರೈಸ್ತರಿಗೆ ಪಂಗಡಗಳ ಭೇದದಲ್ಲಿ ರುಚಿಯಿಲ್ಲ, ಪಂಗಡಗಳಿಲ್ಲದ ಒಂದೇ ಸಭೆಯನ್ನು ನೋಡಲು ತಾವು ಬಯಸುತ್ತೇವೆ ಎಂಬ ಅರ್ಥವುಳ್ಳ ಮಾತುಗಳನ್ನು ಹೇಳಿದನು.

ಅದೇ ಸಭೆಯಲ್ಲಿ ಮಾತಾಡಿದ ಇನ್ನೊಬ್ಬರು ವೇದನಾಯಗಂ ಸ್ಯಾಮುವೆಲ್ ಅಜರಾಯರು. ಇವರು 1874ರಲ್ಲಿ ತಿರುನೆಲ್ವೇಲಿ ಸೀಮೆಯ ವೆಳ್ಳಾಳನ್‌ವಿಳೈ ಎಂಬ ಹಳ್ಳಿಯಲ್ಲಿ ಸಭಾಪಾಲಕರೊಬ್ಬರ ಮಗನಾಗಿ ಹುಟ್ಟಿದವರು. ಮಿಶನೆರಿಗಳು ತಮ್ಮ ದ್ರವ್ಯವನ್ನೂ ಪ್ರಾಣವನ್ನೂ ಕೊಟ್ಟಿದ್ದಾರೆ, ಆದರೆ ನಮಗೆ ಅವರ ಸ್ನೇಹವೂ ಬೇಕು ಎಂಬ ಭಾವದ ಅವರ ಬಿನ್ನಹವನ್ನು ಕೇಳಿ ಕೆಲವರು ಕಣ್ಣೊರಸಿಕೊಂಡರು, ಕೆಲವರು ಕೋಪಿಸಿಕೊಂಡರು. ಇವರೇ 1912ರಲ್ಲಿ ದೋರ್ನಕಲ್ಲಿನ ಬಿಷಪರಾಗಿ ಅಭಿಷೇಕ ಹೊಂದಿದರು. ಆಂಗ್ಲಿಕನ್ ಸಭೆಯಲ್ಲಿ ಆ ಉದ್ಯೋಗವನ್ನು ಪಡೆದ ಮೊದಲನೆಯ ಭಾರತೀಯರು ಇವರೇ. ಇವರಿಗೆ ಐಕ್ಯದ ಹಂಬಲ ಬಂದದ್ದು ದೈವಶಾಸ್ತ್ರದ ಗ್ರಂಥಗಳಿಂದ ಮಾತ್ರವಲ್ಲ, ತೆಲುಗು ನಾಡಿನ ಹಳ್ಳಿಗಳಲ್ಲಿ ಎತ್ತಿನ ಬಂಡಿಯ ಮೇಲೆ ಸಂಚರಿಸಿದ್ದರಿಂದಲೇ. ಅಲ್ಲಿ ಒಂದು ಮಿಶನಿಗೆ ಹೆಚ್ಚಾಗಿ ಮಾಲರೂ ಮತ್ತೊಂದು ಮಿಶನಿಗೆ ಹೆಚ್ಚಾಗಿ ಮಾದಿಗರೂ ಸೇರಿದ್ದ ಕಡೆಗಳುಂಟು. ಅಂಥ ಕಡೆಯಲ್ಲಿ ಪಂಗಡದ ಹೆಸರು ಹೇಳಿದರೆ ಕೇರಿಯ ಹೆಸರು ಹೇಳಿದಂತೆಯೇ ಆಗುತ್ತಿತ್ತು. ಇಬ್ಬರನ್ನೂ ಒಂದೇ ಸಭೆಯಲ್ಲಿ ಕೂಡ್ರಿಸಲು ಅವರು ಶ್ರಮಪಟ್ಟರು. ಕ್ರೈಸ್ತ ದೇಶಗಳಲ್ಲಿ ಸಭೆಯ ಒಡಕು ಒಂದು ಬಲಹೀನತೆಯಾಗಿರಬಹುದು, ಕ್ರಿಸ್ತನನ್ನರಿಯದ ದೇಶಗಳಲ್ಲಿ ಅದು ಪಾಪವೂ ಎಡವುಗಲ್ಲೂ ಆಗಿದೆ ಎಂಬದು ಅವರು 1927ರಲ್ಲಿ ಲೊಸಾನ್ ಪಟ್ಟಣದ ಸಭೆಯಲ್ಲಿ ಪಾಶ್ಚಾತ್ಯರ ಮುಂದೆ ಇಟ್ಟ ಮಾತಿನ ಸಾರ.

1919ರ ಮೇ ತಿಂಗಳ ಮೊದಲೆರಡು ದಿವಸಗಳಲ್ಲಿ ಅಜರಾಯರೂ ಇತರರೂ, ಒಟ್ಟು 33 ಮಂದಿ, ಇಬ್ಬರ ಹೊರತು ಎಲ್ಲರೂ ಭಾರತೀಯರು, ತರಂಗಂಬಾಡಿಯಲ್ಲಿ ಕೂಡಿದರು. 1706ರಲ್ಲಿ ಪ್ರೊಟೆಸ್ಟಂಟ್ ಮಿಶನೆರಿಗಳಲ್ಲಿ ಮೊದಲಿಗರಾದ ಸೀಗನ್‌ಬಾಲ್ಗ್ ಮತ್ತು ಪ್ಲೂಚೋ ಬಂದಿಳಿದ ಕಡಲತೀರವದು. ಈ ದೇಶವನ್ನು ಕ್ರಿಸ್ತನ ಬಳಿಗೆ ನಡಿಸುವ ಭಾರವು ತಮ್ಮ ಮೇಲಿದೆ, ಆದರೆ ತಾವು ಹುಟ್ಟಿಸದ, ಹೊರಗಿನಿಂದ ತಮ್ಮ ಮೇಲೆ ಹೊರಿಸಲ್ಪಟ್ಟ ಒಡಕುಗಳು ತಮ್ಮನ್ನು ಬಲಹೀನರನ್ನಾಗಿ ಮಾಡಿವೆ ಎಂದು ಅವರು ಪ್ರಕಟಿಸಿದರು. ನೋಡಿರಿ, ಅವರು ಸುವಾರ್ತೆಯ ಭಾರವನ್ನೂ ಐಕ್ಯವನ್ನೂ ಕೂಡಿಸಿಯೇ ಹೇಳಿದರು. ಅಲ್ಲಿಂದ 28 ವರ್ಷಗಳ ಕಾಲ ಚರ್ಚೆ ನಡೆಯಿತು. ಅಜರಾಯರು 1945ರ ಜನವರಿ 1ರಂದು ತೀರಿಕೊಂಡದ್ದರಿಂದ ಅದರ ಕೊನೆಯನ್ನು ಕಾಣಲಿಲ್ಲ. 1947ರ ಸೆಪ್ಟಂಬರ್ 27ರಂದು ಮದ್ರಾಸಿನ ಸಂತ ಜಾರ್ಜರ ದೇವಾಲಯದಲ್ಲಿ ಆಂಗ್ಲಿಕನ್ನರೂ ಮೆಥಡಿಸ್ಟರೂ, 1908ರಲ್ಲಿಯೇ ಪ್ರೆಸ್ಬಿಟೀರಿಯನ್ನರೂ ಕಾಂಗ್ರಿಗೇಶನಲ್ ಸಭೆಯವರೂ ಕೂಡಿ ಮಾಡಿದ್ದ ಸೌತ್ ಇಂಡಿಯ ಯುನೈಟೆಡ್ ಚರ್ಚಿನವರೂ ಸೇರಿ ದಕ್ಷಿಣ ಭಾರತ ಸಭೆಯಾದರು. ಬಿಷಪರುಳ್ಳವರೂ ಬಿಷಪರಿಲ್ಲದವರೂ ಹೀಗೆ ಒಂದಾದದ್ದು ಲೋಕದಲ್ಲಿ ಅದೇ ಮೊದಲು. ನಮ್ಮ ಮಂಗಳೂರು, ಧಾರವಾಡ ಕಡೆಯ ಬಾಸೆಲ್ ಮಿಶನ್ ಸಭೆಗಳು ಆ ದಿವಸ ಸೇರದೆ ಕೆಲವು ವರ್ಷಗಳ ತರುವಾಯ ಸೇರಿದವು.

ಇಲ್ಲಿ ಒಂದು ಕಠಿಣವಾದ ಪ್ರಶ್ನೆ ಏಳುತ್ತದೆ. ಐಕ್ಯಕ್ಕೋಸ್ಕರ ಸತ್ಯವನ್ನು ಬಿಡಬಹುದೋ? ಶಿಶುಗಳಿಗೆ ಸ್ನಾನ ಕೊಡುವದು ದೇವರ ವಾಕ್ಯಕ್ಕೆ ಸರಿಯಲ್ಲವೆಂದು ನಿಜವಾಗಿ ನಂಬಿರುವ ಬ್ಯಾಪ್ಟಿಸ್ಟ್ ಸಹೋದರನಿಗೆ, ಲೋಕವು ನಂಬುವದಕ್ಕೋಸ್ಕರ ನಿನ್ನ ಮನಸ್ಸಾಕ್ಷಿಯನ್ನು ಮುಚ್ಚಿಟ್ಟುಕೊಂಡು ನಮ್ಮೊಡನೆ ಬಾ ಎಂದು ಹೇಳಬಹುದೋ? ಹೇಳಬಾರದು. ಸುಳ್ಳಿನಿಂದ ಕಟ್ಟಿದ ಐಕ್ಯವು ಸತ್ಯವನ್ನು ಸಾರುವ ಸಭೆಗೆ ತಕ್ಕದ್ದಲ್ಲ. ನಂದ್ಯಾಲ ಸೀಮೆಯ ಆಂಗ್ಲಿಕನ್ ಸಭೆಗಳವರಲ್ಲಿ ಅನೇಕರು 1947ರ ಐಕ್ಯಕ್ಕೆ ಒಪ್ಪದೆ ಹೊರಗುಳಿದರು. ಅವರಲ್ಲಿ ಕೊನೆಯವರು ಸೇರಿದ್ದು 1975ರಲ್ಲಿ. ಅವರನ್ನು ಹಟಮಾರಿಗಳೆಂದು ಜರಿದವರುಂಟು. ಆದರೆ ಹಿಂದಿನಿಂದ ಬಂದ ಸೇವೆಯ ಕ್ರಮವು ಕೆಟ್ಟೀತೆಂಬ ಭಯವು ಅವರಲ್ಲಿ ನಿಜವಾಗಿದ್ದರೆ, ಭಯ ತೀರುವ ತನಕ ಕಾದದ್ದು ತಪ್ಪೆಂದು ನಾನು ಹೇಳಲಾರೆನು. ಐಕ್ಯವನ್ನು ಮಾಡಿದವರೂ ಈ ಮರ್ಯಾದೆಯನ್ನು ಬಲ್ಲವರಾಗಿದ್ದರು. ಯಾವ ಸಭೆಯ ಮೇಲೂ ಅದು ಮನಸ್ಸಾರೆ ಒಪ್ಪದ ಆರಾಧನಾಕ್ರಮವನ್ನಾಗಲಿ ಸಭಾಪಾಲಕನನ್ನಾಗಲಿ ಹೇರುವದಿಲ್ಲವೆಂದು ಅವರು ಮಾತು ಕೊಟ್ಟರು. ಮೊದಲೇ ಅಭಿಷೇಕ ಹೊಂದಿದ್ದ ಪಾದ್ರಿಗಳಿಗೆ ಪುನಃ ಅಭಿಷೇಕ ಮಾಡದೆ, ಇದ್ದವರನ್ನು ಇದ್ದ ಹಾಗೆಯೇ ಅಂಗೀಕರಿಸಿ, ಸೇವೆಯು ಪೂರ್ತಿಯಾಗಿ ಒಂದಾಗಿ ಬೆಳೆಯುವದಕ್ಕೆ 30 ವರ್ಷಗಳ ಕಾಲವನ್ನು ಬಿಟ್ಟುಕೊಟ್ಟರು.

ಹಾಗಾದರೆ ಮನಸ್ಸಾಕ್ಷಿಯ ಭೇದವನ್ನು ಬರಿಯ ಅಭ್ಯಾಸದ ಭೇದದಿಂದ ಬೇರ್ಪಡಿಸಿ ನೋಡುವದು ಹೇಗೆ? ನನಗೆ ತೋರುವ ಒಂದು ಪರೀಕ್ಷೆ ಇದು. ನಾನು ಇಂಥವನೊಂದಿಗೆ ಕರ್ತನ ಭೋಜನಕ್ಕೆ ಕೂಡ್ರಲಾರೆನೆಂಬದಕ್ಕೆ ನನಗಿರುವ ಕಾರಣವನ್ನು, ಕ್ರಿಸ್ತನನ್ನರಿಯದ ನನ್ನ ನೆರೆಯವನ ಎದುರಿಗೆ, ಮನೆಮಾತಿನ ಕನ್ನಡದಲ್ಲಿ, ತಲೆ ತಗ್ಗಿಸದೆ ಹೇಳಬಲ್ಲೆನೋ? ಬ್ಯಾಪ್ಟಿಸ್ಟನು ಹೇಳಬಲ್ಲನು: ತಾನಾಗಿ ನಂಬಿದವನಿಗೇ ಸ್ನಾನ ಕೊಡಬೇಕೆಂದು ಎಣಿಸುತ್ತೇನೆ, ಅನ್ನುವನು. ನೆರೆಯವನಿಗೆ ಅದು ತಿಳಿಯುತ್ತದೆ, ಒಪ್ಪದಿದ್ದರೂ ಗೌರವಿಸುವನು. ಆದರೆ ನಮ್ಮಲ್ಲಿ ಬಹುಮಂದಿ ಹೇಳಬಹುದಾದ ಕಾರಣವೆಂದರೆ, ನಮ್ಮ ತಾತನಿಗೆ ಸ್ನಾನ ಕೊಟ್ಟ ದೊರೆ ಬೇರೆ, ಅವರ ತಾತನಿಗೆ ಕೊಟ್ಟ ದೊರೆ ಬೇರೆ ಎಂಬದಷ್ಟೇ. ಇದನ್ನು ಹೇಳುವಾಗ ನಗು ಬಾರದಿರುವದು ಕಷ್ಟ.

ಎರಡನೆಯ ಆಕ್ಷೇಪಣೆ ಇನ್ನೂ ಬಲವಾದದ್ದು. ಐಕ್ಯವಿಲ್ಲದೆ ಸುವಾರ್ತೆಯು ಹರಡಲಾರದೆಂದು ನೀವು ಹೇಳುತ್ತೀರಿ, ಆದರೆ ಕಣ್ಣಮುಂದೆ ಹರಡುತ್ತಿದೆಯಲ್ಲಾ, ಎಂದು ಕೆಲವರು ಕೇಳುತ್ತಾರೆ. ನಿಜ. 1947ರ ತರುವಾಯ ಪಟ್ಟಣಗಳಲ್ಲಿಯೂ ಹಳ್ಳಿಗಳಲ್ಲಿಯೂ ಎಷ್ಟೋ ಹೊಸ ಪ್ರಾರ್ಥನಾ ಕೂಟಗಳು ಎದ್ದಿವೆ. ಅವು ಯಾವ ಐಕ್ಯಕ್ಕೂ ಸೇರದೆ ಉತ್ಸಾಹದಿಂದ ದುಡಿಯುತ್ತವೆ, ಜನರೂ ಹೋಗುತ್ತಾರೆ. ಐಕ್ಯವಾದ ಸಭೆಗಳಲ್ಲಿಯೋ ಹಲವು ಕಡೆ ಆಸ್ತಿಯ ವ್ಯಾಜ್ಯಗಳು ನ್ಯಾಯಾಲಯದ ಮೆಟ್ಟಲು ಹತ್ತಿವೆ. ಸಹೋದರನ ಮೇಲೆ ಸಹೋದರನು ಅವಿಶ್ವಾಸಿಗಳ ಮುಂದೆ ವ್ಯಾಜ್ಯವಾಡುವದನ್ನು ಕುರಿತು ಪೌಲನು ಕೊರಿಂಥದವರಿಗೆ ಏನು ಬರೆದನೆಂಬದು ನಮಗೆ ತಿಳಿಯದ್ದಲ್ಲ. ಸಭೆ ದೊಡ್ಡದಾದ ಮಾತ್ರಕ್ಕೆ ಸಾಕ್ಷಿಯು ದೊಡ್ಡದಾಗುವದಿಲ್ಲ. ಇದಲ್ಲದೆ, ಕೆಲವರು ಹೊಟ್ಟೇಕಿಚ್ಚಿನಿಂದಲೂ ಕ್ರಿಸ್ತನನ್ನು ಸಾರುತ್ತಾರೆಂದು ಸೆರೆಯಲ್ಲಿದ್ದ ಪೌಲನು ಫಿಲಿಪ್ಪಿಯವರಿಗೆ ಬರೆದು, ಹೇಗಾದರೂ ಕ್ರಿಸ್ತನು ಸಾರಲ್ಪಡುತ್ತಾನಲ್ಲಾ ಎಂದು ಸಂತೋಷಪಟ್ಟನು. ಆದಕಾರಣ ಒಡಕಿನಿಂದ ಜನರ ಲೆಕ್ಕ ಕಡಿಮೆಯಾಗುತ್ತದೆಂಬ ವಾದವನ್ನು ನಾನು ಬಿಟ್ಟುಬಿಡುತ್ತೇನೆ. ಲೆಕ್ಕವು ಹೆಚ್ಚಲೂಬಹುದು, ಆದರೂ ಅದರಲ್ಲಿ ಒಂದು ದೊಡ್ಡಿಯಿಂದ ಮತ್ತೊಂದು ದೊಡ್ಡಿಗೆ ಹೋದ ಕುರಿಗಳೆಷ್ಟೆಂಬದನ್ನೂ ಎಣಿಸಬೇಕು.

ಒಡಕಿನಿಂದ ಕೆಡುವದು ಲೆಕ್ಕವಲ್ಲ, ಸಂದೇಶವೇ. ನಾವು ಹೊತ್ತುಕೊಂಡು ಹೋಗುವ ಸುವಾರ್ತೆ ಏನು? ಮನುಷ್ಯನನ್ನು ದೇವರೊಂದಿಗೂ, ಮನುಷ್ಯನನ್ನು ಮನುಷ್ಯನೊಂದಿಗೂ ಸಮಾಧಾನಪಡಿಸುವವನು ಬಂದಿದ್ದಾನೆ, ಮಧ್ಯದ ಗೋಡೆಯನ್ನು ಆತನು ಕೆಡವಿಹಾಕಿದ್ದಾನೆ ಎಂಬದೇ ಅಲ್ಲವೇ? ಗೋಡೆ ಕೆಡವಲ್ಪಟ್ಟಿದೆ ಎಂಬ ಸುದ್ದಿಯನ್ನು ಗೋಡೆಯ ಎರಡು ಪಕ್ಕಗಳಲ್ಲಿ ಬೇರೆಬೇರೆಯಾಗಿ ನಿಂತು ಕೂಗಿ ಹೇಳಿದರೆ ಕೇಳುವವನು ಏನೆಂದುಕೊಳ್ಳಬೇಕು? ತುರಿಕಜ್ಜಿಗೆ ಮದ್ದು ಮಾರುವವನು ಸಂತೆಯಲ್ಲಿ ತಾನೇ ಕೆರೆದುಕೊಳ್ಳುತ್ತಾ ಕೂತಿದ್ದರೆ ಮದ್ದಿನ ಗುಣವನ್ನು ಎಷ್ಟು ವರ್ಣಿಸಿದರೂ ಸಾಲದು.

ಈಗ ನಮ್ಮ ಹಳ್ಳಿಗಳಿಗೆ ಹತ್ತಿರವಾದ ಸಂಗತಿಗೆ ಬರುತ್ತೇನೆ. ಕೆಲವು ವರ್ಷಗಳ ಹಿಂದೆ ಒಂದು ಊರಿನ ರಾಗಿ ಕಣದ ಬಳಿಯಲ್ಲಿ, ಕ್ರಿಸ್ತನಲ್ಲಿ ಮೇಲುಕೀಳೆಂಬದಿಲ್ಲ, ಎಲ್ಲರೂ ಒಂದೇ ಮನೆಯ ಮಕ್ಕಳು ಎಂದು ನಾನು ವಿವರಿಸುತ್ತಿದ್ದಾಗ, ಆ ಊರಿನ ಗೌಡರು ತಾಳ್ಮೆಯಿಂದ ಕೊನೆಯ ತನಕ ಕೇಳಿದರು. ನಮ್ಮ ವಿಶ್ವಾಸಿಗಳಲ್ಲಿ ಏಳೆಂಟು ಮಂದಿ ಪಕ್ಕದಲ್ಲಿ ನಿಂತಿದ್ದರು. ಗೌಡರು, “ಉಪದೇಶಿಗಳೇ, ನೀವು ಹೇಳಿದ್ದೆಲ್ಲಾ ಚೆನ್ನಾಗಿದೆ. ನಿಮ್ಮವರು ಹೆಣ್ಣು ಕೊಡುವಾಗ ಏನು ವಿಚಾರಿಸುತ್ತಾರೆ?” ಎಂದು ಕೇಳಿದರು. ಅವರು ಹಂಗಿಸುವದಕ್ಕೆ ಕೇಳಲಿಲ್ಲ, ತಿಳಿಯುವದಕ್ಕೇ ಕೇಳಿದರು. ನಿಂತಿದ್ದವರೆಲ್ಲರೂ ಒಬ್ಬರ ಮುಖವನ್ನೊಬ್ಬರು ನೋಡಿಕೊಂಡರು. ಬಿಷಪರ ವಿಷಯವನ್ನಾಗಲಿ ಸ್ನಾನದ ಕ್ರಮವನ್ನಾಗಲಿ ಆ ಗೌಡರು ಕೇಳಲಿಲ್ಲ. ಪಂಗಡಗಳ ಭೇದವು ಅವರ ಕಣ್ಣಿಗೆ ಬಿದ್ದೇ ಇರಲಿಲ್ಲ. ಅವರು ಕಂಡದ್ದು ಎರಡು ಕೇರಿಗಳನ್ನು.

ಪಂಗಡದ ಒಡಕೂ ಕೇರಿಯ ಒಡಕೂ ಬೇರೆಬೇರೆ ರೋಗಗಳೆಂದು ಕೆಲವರು ಹೇಳುವರು. ಆದರೆ ನಮ್ಮ ಸಭಾಚರಿತ್ರೆಯಲ್ಲಿ ಒಂದು ಇನ್ನೊಂದಕ್ಕೆ ಆಶ್ರಯ ಕೊಟ್ಟದ್ದುಂಟು. 1833ರಲ್ಲಿ ಕಲ್ಕತ್ತೆಯ ಬಿಷಪ್ ಡೇನಿಯಲ್ ವಿಲ್ಸನ್ನರು ದಕ್ಷಿಣದ ಸಭೆಗಳಿಗೆ ಪತ್ರ ಬರೆದು, ಸಭೆಯೊಳಗೆ ಜಾತಿಭೇದವನ್ನು ಕೂಡಲೇ ಪೂರ್ತಿಯಾಗಿ ಬಿಟ್ಟುಬಿಡಬೇಕೆಂದು ಆಜ್ಞಾಪಿಸಿದರು. ಮದ್ರಾಸಿನ ವೇಪೇರಿಯಲ್ಲಿಯೂ ತಂಜಾವೂರಿನಲ್ಲಿಯೂ ಮೇಲ್ಜಾತಿಯಿಂದ ಬಂದಿದ್ದ ಅನೇಕ ಕ್ರೈಸ್ತರು ಒಪ್ಪದೆ ಹೊರಟುಹೋದರು. ಕಾಲಾಂತರದಲ್ಲಿ, ಈ ವಿಷಯದಲ್ಲಿ ಅಷ್ಟು ಬಿಗಿಯಿಲ್ಲದಿದ್ದ ಲೀಪ್‌ಜಿಗ್ ಮಿಶನಿನ ಆಸರೆಯನ್ನು ಇಂಥವರಲ್ಲಿ ಕೆಲವರು ಹಿಡಿದರು. ಲೀಪ್‌ಜಿಗ್ ಮಿಶನಿನವರಿಗೆ ತಮ್ಮದೇ ಆದ ಕಾರಣಗಳಿದ್ದವು. ಜಾತಿಯೆಂಬದು ಲೌಕಿಕ ವ್ಯವಸ್ಥೆ, ಮೆಲ್ಲಮೆಲ್ಲನೆ ಕರಗೀತೆಂದು ಅವರು ಎಣಿಸಿದರು. ಅದು ಹೇಗಿದ್ದರೂ ಆದದ್ದೇನಂದರೆ, ಒಂದು ಬಾಗಿಲಲ್ಲಿ ತಡೆಯಲ್ಪಟ್ಟ ಜಾತಿಯು ಪಕ್ಕದ ಬಾಗಿಲಿನಿಂದ ಒಳಗೆ ಬಂದಿತು. ಸಭೆಯು ಎರಡಾಗಿರುವ ತನಕ ಶಿಸ್ತಿಗೆ ಒಳಪಡಲೊಲ್ಲದವನಿಗೆ ಎರಡನೆಯ ಮನೆ ಯಾವಾಗಲೂ ಸಿದ್ಧವಾಗಿರುತ್ತದೆ. ಇಂದಿಗೂ ಕಲಹದ ನಿಮಿತ್ತ ಒಂದು ಸಭೆಯಿಂದ ಎದ್ದುಹೋದವನನ್ನು ಯಾಕೆ ಬಂದೆಯಪ್ಪಾ ಎಂದು ಕೇಳದೆ ಮೊದಲನೆಯ ಸಾಲಿನಲ್ಲಿ ಕೂಡ್ರಿಸಿ, ಮುಂದಿನ ವರ್ಷ ಹಿರಿಯನನ್ನಾಗಿ ಮಾಡುವ ಸಭೆಗಳನ್ನು ನೀವೂ ಬಲ್ಲಿರಿ.

ಅಪೊಸ್ತಲರ ಕೃತ್ಯಗಳನ್ನು ಓದಿದರೆ ಸುವಾರ್ತೆಯನ್ನು ದೂರದೇಶಕ್ಕೆ ಮೊದಲಾಗಿ ಕಳುಹಿಸಿದ ಸಭೆ ಯೆರೂಸಲೇಮಿನದಲ್ಲ, ಅಂತಿಯೋಕ್ಯದ್ದು ಎಂದು ಕಾಣುತ್ತೇವೆ. ಅದು ಎಂಥ ಸಭೆ? ಅದರ ಬೋಧಕರ ಹೆಸರುಗಳು 13ನೆಯ ಅಧ್ಯಾಯದಲ್ಲಿವೆ: ಸೈಪ್ರಸ್ ದ್ವೀಪದ ಲೇವಿಯನಾದ ಬಾರ್ನಬನು, ಕಪ್ಪಗಿನವನೆಂಬ ಅರ್ಥವುಳ್ಳ ನೀಗರನೆಂಬ ಹೆಸರಿದ್ದ ಸಿಮೆಯೋನನು, ಆಫ್ರಿಕದ ಕುರೇನೆ ಪಟ್ಟಣದ ಲೂಕ್ಯನು, ಹೆರೋದನ ಅರಮನೆಯಲ್ಲಿ ಅವನ ಜೊತೆಯಲ್ಲಿ ಬೆಳೆದ ಮೆನಹೇನನು, ಹಿಂದೆ ಹಿಂಸಕನಾಗಿದ್ದ ಸೌಲನು. ಇಂಥವರು ಒಂದೇ ಮೇಜಿನಲ್ಲಿ ಕೂಡ್ರುವದನ್ನು ಆ ಪಟ್ಟಣದವರು ಹಿಂದೆಂದೂ ಕಂಡಿರಲಿಲ್ಲ. ಯೆಹೂದ್ಯರೆನ್ನೋಣವೆಂದರೆ ಗ್ರೀಕರೂ ಇದ್ದಾರೆ; ಗ್ರೀಕರೆನ್ನೋಣವೆಂದರೆ ಯೆಹೂದ್ಯರೂ ಇದ್ದಾರೆ. ಯಾವ ಹಳೆಯ ಹೆಸರೂ ಹೊಂದದೆ ಹೋದದ್ದರಿಂದಲೇ ಕ್ರೈಸ್ತರೆಂಬ ಹೊಸ ಹೆಸರು ಅಲ್ಲಿ ಮೊದಲು ಹುಟ್ಟಿತೆಂದು ನಾನು ಎಣಿಸುತ್ತೇನೆ. ಅದೇ ಅಂತಿಯೋಕ್ಯದಲ್ಲಿ ಯೆರೂಸಲೇಮಿನಿಂದ ಕೆಲವರು ಬಂದಾಗ ಪೇತ್ರನು ಹೆದರಿ ಅನ್ಯಜನರ ಸಂಗಡ ಊಟಮಾಡುವದನ್ನು ಬಿಟ್ಟನು. ಪೌಲನು ಅವನನ್ನು ಎಲ್ಲರ ಮುಂದೆ ಎದುರಿಸಿದನು. ಪೇತ್ರನು ಯಾವ ಉಪದೇಶವನ್ನೂ ಅಲ್ಲಗಳೆದಿರಲಿಲ್ಲ. ಎಲೆಯನ್ನು ಬಿಟ್ಟು ಎದ್ದುಹೋದನು, ಅಷ್ಟೇ. ಅದನ್ನೇ ಪೌಲನು ಸುವಾರ್ತೆಯ ಸತ್ಯಕ್ಕೆ ಸರಿಯಾದ ನಡತೆಯಲ್ಲವೆಂದು ಹೇಳಿದನು.

ಬೀದರ, ಬೆಳಗಾವಿ ಕಡೆಯ ಮೆಥಡಿಸ್ಟ್ ಸಭೆಯು ಇಂದಿಗೂ ದಕ್ಷಿಣ ಭಾರತ ಸಭೆಗೆ ಸೇರಿಲ್ಲ. 1970ರಲ್ಲಿ ನಾಗಪುರದಲ್ಲಿ ಆರು ಸಭೆಗಳು ಕೂಡಿ ಉತ್ತರ ಭಾರತ ಸಭೆಯಾದಾಗಲೂ ಆ ಮೆಥಡಿಸ್ಟರು ಕೊನೆಯ ಗಳಿಗೆಯಲ್ಲಿ ಹಿಂದೆಗೆದರು. ಇಂಥ ದೊಡ್ಡ ಸಂಗತಿಗಳನ್ನು ತೀರ್ಮಾನಿಸುವವರು ಬಿಷಪರೂ ಸಿನಡಿನವರೂ. ಹಳ್ಳಿಯ ಹಿರಿಯರನ್ನು ಯಾರೂ ಕೇಳುವದಿಲ್ಲ. ಆದರೆ ಹಳ್ಳಿಯ ಹಿರಿಯರ ಕೈಯಲ್ಲಿಯೇ ಇರುವ ಸಂಗತಿಗಳೂ ಕೆಲವುಂಟು. ಬೇರೆ ಸಭೆಯ ವಿಶ್ವಾಸಿಯೊಬ್ಬನು ಕೂಲಿಗಾಗಿ ನಮ್ಮೂರಿಗೆ ಬಂದು ಸತ್ತರೆ ನಮ್ಮ ಸಮಾಧಿಸ್ಥಳದಲ್ಲಿ ಅವನಿಗೆ ಆರು ಅಡಿ ನೆಲ ಕೊಡುವದಕ್ಕೆ ಯಾವ ಸಿನಡಿನ ಅಪ್ಪಣೆಯೂ ಬೇಕಾಗಿಲ್ಲ. ಮತ್ತೊಂದು ಸಭೆಯಿಂದ ಬಂದವನು ಜಗಳವಾಡಿ ಬಂದಿದ್ದರೆ ಅವನನ್ನು ಕರೆದುಕೊಂಡು ಹಿಂದಿನ ಹಿರಿಯರ ಬಳಿಗೆ ಒಂದು ದಿವಸ ನಡೆದು ಹೋಗಿ ವಿಚಾರಿಸಬಹುದು. ಸುಗ್ಗಿಯ ಕಾಣಿಕೆಯ ಹಬ್ಬವನ್ನು ಎರಡು ಸಭೆಗಳೂ ಒಂದೇ ದಿವಸದಲ್ಲಿ ಒಂದೇ ಚಪ್ಪರದಲ್ಲಿ ಮಾಡಬಹುದು. ಅಡಿಗೆ ಯಾರು ಮಾಡಬೇಕು, ಬಡಿಸುವವರು ಯಾರು ಎಂಬ ಮಾತು ಬಂದಾಗ ಐಕ್ಯದ ನಿಜವಾದ ಚರ್ಚೆ ಆರಂಭವಾಗುವದು. ಹೊಸದಾಗಿ ಸ್ನಾನ ಹೊಂದಿದವನು ಯಾವ ಕೇರಿಯಿಂದಲೇ ಬಂದಿರಲಿ, ಆ ಭಾನುವಾರ ಅವನಿಗೂ ಅವನ ಹೆಂಡತಿ ಮಕ್ಕಳಿಗೂ ಮಧ್ಯಾಹ್ನದ ಊಟ ಯಾರ ಮನೆಯಲ್ಲೆಂಬದನ್ನು ಹಿರಿಯರು ಮುಂಚಿನ ವಾರವೇ ಗೊತ್ತುಮಾಡಬಹುದು. ಆ ಮನೆಯು ಅವನ ಕೇರಿಯದಾಗಿರದಿದ್ದರೆ ಒಳ್ಳೆಯದು. ಮುಂದಿನ ಹಿರಿಯರ ಕೂಟದಲ್ಲಿ ಇವುಗಳಲ್ಲಿ ಒಂದನ್ನಾದರೂ ವಿಚಾರಣೆಗೆ ಇಡುವ ಸಭೆಗಳು ಅದರ ಫಲವನ್ನು ಈ ಪತ್ರಿಕೆಗೆ ಬರೆದು ಕಳುಹಿಸ್ಯಾವೆಂದು ನಿರೀಕ್ಷಿಸುತ್ತೇನೆ.